ಮುಂಗೈ ಮೇಲಿನ ಮೂರು ಮಾತು

ಲ್ಯಾನ್‌ಹ್ಯಾಮ್, ಮೇರಿಲ್ಯಾಂಡ್
12 ಆಗಸ್ಟ್ 1996

ಮೊಮ್ಮಗ ಕಲ್ಮೇಶಗ ನಿನ್ನ ಆಯಿ ಶಿವಕ್ಕನ ಆಶೀರ್ವಾದ. ಬೈಗುಳ ಮುಂದ ಬರ್ತಾವು, ಮೊದಲ ಇದನ್ನ ತಗೋ.

ನಿನ್ನೆ ನೀ ಫೋನ್ ಮಾಡಿದ್ದಿ. ನಿಮ್ಮಪ್ಪ ಕರಬಸಪ್ಪ ಅದನ್ನ ನನ್ನ ಕಿವಿಗೆ ಹಿಡದ. ಕಿವಿ ಮಷೀನು ಕುಂಯ್ ಅಂತು. ನೀ ಏನೋ ಅಂದಿ, ನಾ ಹೂಂ ಅಂದೆ. ಆಮ್ಯಾಲ ನಿಮ್ಮವ್ವ ಪ್ರತಿಭಾ ಕೇಳಿದ್ಲು, "ಅತ್ತಿ, ಏನಂದ ಅಂವ?" ನನಗೇನ ಗೊತ್ತು! ಆರಾಮ ಅದಾನಂತ ಅಂದೆ. ಹಿಂಗ ನಿನ್ನ ಸುದ್ದಿ ನಾನೇ ಹುಟ್ಟಿಸಿ ಹೇಳೂದಾಗೇತಿ. ಅದಕ್ಕ ಇನ್ನ ನನಗ ಫೋನ್ ಬ್ಯಾಡ, ಪತ್ರ ಬರಿ. ಕನ್ನಡದಾಗ ಬರಿ. ನೀ ಒಂಬತ್ತು ವರ್ಷದಾಂವ ಇದ್ದಾಗ ಸೂಟಿ ಪೂರ್ತಿ ಅಡಗಿಮನಿ ಟೇಬಲ್ಲಿಗೆ ಕುಂದ್ರಿಸಿ ತಿದ್ದಿಸೇನಿ. ನರಗುಂದದ ಸಾಲಿಯೊಳಗ ಮೂವತ್ತಾರು ವರ್ಷ ಕಲಿಸಿದಾಕಿ ನಾ. ಮರ್ತೇನಿ ಅಂದ್ರ ನಂಬೂದಿಲ್ಲ.

ಇನ್ನ ನಿನ್ನ ಆಟದ ಮಾತು. ನೋಡಪಾ, ನನಗ ಅದು ತಿಳಿವಲ್ದು. ನಿಮ್ಮಪ್ಪನ್ನ ಕೇಳೂಣಂದ್ರ ಅಂವ ಈ ಅಮೇರಿಕಾದವರ ಕೈಲೆ ಆಡೋ ಫುಟ್‌ಬಾಲಿನ ಹೆಸರ ಎತ್ತೂದಿಲ್ಲ. ತಾ ಡಾಕ್ಟರ್, ಮಗ ಡಾಕ್ಟರ್ ಆಗಲಿಲ್ಲ ಅಂತ ಇನ್ನೂ ಸೆಡವು ಐತಿ. ಆದ್ರ ನಿನ್ನ ಅಟ್ಲಾಂಟಾ ಟೀಮಿನ ಆಟ ಇಲ್ಲಿ ಕಾಣಲಿ ಅಂತ ಮನಿ ಮ್ಯಾಲ ಪರಾತದಂಥಾ ಡಿಶ್ ಕುಂದ್ರಿಸ್ಯಾನ. ನಾವು ನೋಡ್ತೀವಿ. ಅಂವ ಪೇಪರ್ ಹಿಡಕೊಂಡು, ಅದರ ಮ್ಯಾಲಿಂದ ನೋಡ್ತಾನ.

ನಾ ಕಂಡದ್ದು ಇಷ್ಟು: ನೀ ಅಂಚಿನ್ಯಾಗ ಒಬ್ಬನ ನಿಂತಿರ್ತಿ, ಮದುವಿ ಮನ್ಯಾಗ ಯಾರೂ ಮಾತಾಡಸದ ಬೀಗನಂಗ. ಒಮ್ಮಿಂದೊಮ್ಮೆ ಓಡ್ತಿ. ಚೆಂಡು ಬ್ಯಾರೇ ಕಡೆ ಹೋಗತೈತಿ. ತಿರಗಿ ಬಂದು ನಿಂದರ್ತಿ. ಮತ್ತ ಓಡ್ತಿ, ಮತ್ತ ಚೆಂಡು ಬರೂದಿಲ್ಲ. ಮೊನ್ನೆ ಕುಂತು ಎಣಿಸಿದೆ. ಇಪ್ಪತ್ತೇಳು ಸಲ ಓಡಿದಿ, ಚೆಂಡು ಬಂದದ್ದು ಎರಡು ಸಲ. ಎರಡನೇ ಸಲ ಎತ್ತಿನಂಥಾ ಇಬ್ಬರು ಬಂದು ನಿನ್ನ ನೆಲಕ್ಕ ಬಡದ್ರು. ಇದೇನ ನೌಕರಿನೋ ಮಾರಾಯಾ? ತಪ್ಪು ಯಾರದು, ಚೆಂಡು ಕೊಡದವಂದೋ, ಸುಮ್ಮ ಸುಮ್ಮನ ಓಡೋ ನಿಂದೋ? ನೀ ಬಿದ್ದಮ್ಯಾಲ ಮಂದಿ ಎದ್ದು ನಿಂತು ಚಪ್ಪಾಳಿ ಬಡದ್ರು. ಅದಂತೂ ತಿಳೀಲೇ ಇಲ್ಲ.

ಉತ್ತರ ಬರಿ. ದುಂಡಗ ಬರಿ, ನನ್ನ ಕಣ್ಣು ಮೊದಲಿನಂಗಿಲ್ಲ.

ನಿನ್ನ ಆಯಿ
ಶಿವಕ್ಕ


ಅಟ್ಲಾಂಟಾ
27 ಆಗಸ್ಟ್ 1996

ಪ್ರೀತಿಯ ಆಯಿಗೆ,

ನಾ ಆರಾಮ ಇದ್ದೀನಿ. ಇದು ನಾನೇ ಬರೆದದ್ದು. ಯಾರಿಗೂ ಕೇಳಿಲ್ಲ. ಕೆಂಪು ಪೆನ್ ತಗೋಬೇಡ ಪ್ಲೀಸ್.

ಗುಡ್ ನ್ಯೂಸ್ ಇದೆ. ನಾ ಟೀಮಿನಲ್ಲಿ ಉಳಿದೆ. ಬೇಸಿಗೆ ಕ್ಯಾಂಪಿಗೆ ಬಹಳ ಹುಡುಗರು ಬರ್ತೀವಿ, ಐವತ್ತಮೂರು ಜನರನ್ನ ಮಾತ್ರ ಇಟ್ಟುಕೊಳ್ತಾರೆ. ಬೆಳಿಗ್ಗೆ ಒಬ್ಬ ಮನುಷ್ಯ ಬಂದು ರೂಮಿನ ಬಾಗಿಲು ಬಡೀತಾನೆ. "ಕೋಚ್ ಕರೀತಿದ್ದಾರೆ, ಪ್ಲೇಬುಕ್ ತಗೊಂಡು ಬಾ" ಅಂತಾನೆ. ಪ್ಲೇಬುಕ್ ನಮ್ಮ ಪಾಠದ ಪುಸ್ತಕ. ಯಾರು ಎಲ್ಲಿ ಓಡಬೇಕು ಅಂತ ಎಲ್ಲಾ ಅದರಲ್ಲಿ ಇರ್ತದೆ. ಅದನ್ನ ತಗೊಂಡು ಬಾ ಅಂದರೆ ವಾಪಸ್ ಕೊಟ್ಟು ಮನೆಗೆ ಹೋಗು ಅಂತ. ನನ್ನ ರೂಮ್‌ಮೇಟ್‌ಗೆ ಬಂದು ಹೇಳಿದರು. ಅವನು ಹಲ್ಲು ಉಜ್ಜುತ್ತಾ ಇದ್ದ. ನಾ ಕಣ್ಣು ಮುಚ್ಚಿ ಮಲಗಿದ ಹಾಗೆ ಮಾಡಿದೆ. ಬೈ ಕೂಡ ಹೇಳಲಿಲ್ಲ. ಯಾಕೆ ಅಂತ ನನಗೆ ಗೊತ್ತಿಲ್ಲ.

ಈಗ ನಿನ್ನ ಪ್ರಶ್ನೆ. ನಾ ವೈಡ್ ರಿಸೀವರ್. ಓಡೋದು, ಎಸೆದ ಚೆಂಡು ಹಿಡಿಯೋದು ನನ್ನ ಕೆಲಸ. ಚೆಂಡು ಬರೋದಿಲ್ಲ ಅಂತ ಗೊತ್ತಿದ್ದರೂ ಬರ್ತದೆ ಅನ್ನೋ ಹಾಗೆ ಓಡಬೇಕು. ಆಗ ಎದುರಿನವರು ನನ್ನ ಹಿಂದೆ ಬರ್ತಾರೆ, ನಮ್ಮ ಟೀಮಿನ ಇನ್ನೊಬ್ಬನಿಗೆ ಜಾಗ ಸಿಗ್ತದೆ. ಅದಕ್ಕೆ ಇಪ್ಪತ್ತೇಳು ಸಲ. ವೇಸ್ಟ್ ಅಲ್ಲ.

ಟೀಮಿನಲ್ಲಿ ಐದು ರಿಸೀವರ್. ನಾ ನಾಲ್ಕನೆಯವನು. ನನಗಿಂತ ಫಾಸ್ಟ್ ಇರೋ ಹುಡುಗರನ್ನ ಕಳಿಸಿಬಿಟ್ಟರು. ನಾ ಯಾಕೆ ಉಳಿದೆ ಅಂದರೆ, ನಾ ನಡುವೆ ಓಡ್ತೀನಿ. ಮೈದಾನದ ನಡುವೆ ಹಿಡಿಯುವಾಗ ಕಣ್ಣು ಚೆಂಡಿನ ಮೇಲೆ ಇರಬೇಕು. ಹೊಡೆಯೋನು ಕಾಣೋದಿಲ್ಲ. ಬಹಳ ಜನ ಅಲ್ಲಿ ಕೈ ಹಿಂದೆ ತಗೋತಾರೆ. ನಾ ತಗೊಳ್ಳೋದಿಲ್ಲ. ಕೋಚ್‌ಗೆ ಅದು ಇಷ್ಟ.

ಇದು ನನ್ನ ಮೂರನೇ ವರ್ಷ. ಎರಡು ವರ್ಷ ಆಡಿದವನಿಗೆ ಜನ "ಟ್ರೈ ಮಾಡ್ತಿದ್ದಾನೆ ಪಾಪ" ಅಂತಾರೆ. ಮೂರನೇ ವರ್ಷದ ಕೊನೆ ಆಟದ ತನಕ ಮೈದಾನದಲ್ಲಿ ನಿಂತವನಿಗೆ ಪ್ಲೇಯರ್ ಅನ್ನಲೇಬೇಕು. ಇದು ನನ್ನ ರೂಲ್. ಅಪ್ಪ ಕೂಡ ಅನ್ನಲೇಬೇಕು.

ನಿನ್ನ
ಕಲ್ಮೇಶ


ಲ್ಯಾನ್‌ಹ್ಯಾಮ್
7 ಅಕ್ಟೋಬರ್ 1996

ನನ್ನ ಬಂಗಾರದಂಥಾ ಮೊಮ್ಮಗಗ,

ಇವತ್ತು ಬೈಗುಳ ಇಲ್ಲ. ಕಾಲು ನೆಲಕ್ಕ ಹತ್ತವಲ್ವು ನನ್ವು!

ಹಿಂದಿನ ರವಿವಾರದ ಆಟದಾಗ ನೀ ಚೆಂಡು ಹಿಡದು ಬಿದ್ದು ಎದ್ದಿ. ಕ್ಯಾಮೆರಾ ನಿನ್ನ ಹತ್ರ ಬಂತು. ಮೊಣಕಾಲ ಮ್ಯಾಲ ಕೈ ಊರಿ ಉಸಿರು ಹಾಕ್ತಿದ್ದಿ. ಎಡಗೈಗೆ ಬಿಳಿ ಪಟ್ಟಿ, ಅದರ ಮ್ಯಾಲ ಕರೇ ಶಾಯಿಲೆ ಏನೋ ಬರದದ್ದು. ಚಷ್ಮಾ ಏರಿಸಿ ನೋಡ್ತೇನಿ, ಕನ್ನಡ! ನಾ ಒದರಿದ್ದಕ್ಕ ಪ್ರತಿಭಾ ಕೈಯಾಗ ಸೌಟು ಹಿಡಕೊಂಡ ಓಡಿ ಬಂದ್ಲು, ಮುದುಕಿ ಬಿದ್ಲೇನೋ ಅಂತ. ನಿಮ್ಮಪ್ಪ ಆಟ ರೆಕಾರ್ಡ್ ಮಾಡಾಕತ್ತಿದ್ದ ವಿಸಿಆರ್ ಟೇಪು ಹಿಂದಕ್ಕ ತಿರುವಿ ನಿಲ್ಲಿಸಿದ. ಚಿತ್ರ ನಡಗತಿತ್ತು. ಆದ್ರೂ "ರವಿವಾರ" ಅಂತ ಚೊಕ್ಕ ಓದಾಕ ಬಂತು. ಕೆಳಗ ಇನ್ನೆರಡು ಮಾತು ಮಸಕ ಮಸಕ. ನಿಮ್ಮಪ್ಪ ಟೇಪಿನ ಮ್ಯಾಲ ತಾರೀಖು ಬರದು ತನ್ನ ಡಾಕ್ಟರಿ ಪುಸ್ತಕದ ಕಪಾಟಿನ್ಯಾಗ ಇಟ್ಟ. ನಾ ನೋಡಿದೆ.

ಶನಿವಾರ ಗುಡಿಗೆ ಹೋದಾಗ ಸುಮ್ನ ಇರಾಕ ಆಗತೈತೇನ? ರೆಸ್ಟನ್ನಿನ ವೇಣುಗೋಪಾಲ ಗೊತ್ತಲ್ಲ, ಕನ್ನಡ ಸಂಘದ ಸೆಕ್ರೆಟರಿ, ಬೆಂಗಳೂರಾಂವ. ಅಂವಗ ಹೇಳಿದೆ. "ಏನ್ ಹೇಳ್ತಿದ್ದೀರಾ ಆಂಟಿ! ಟೀವೀಲಿ ಕನ್ನಡಾನಾ? ಈಗ್ಲೇ ನಿಮ್ಮನೆಗೆ ಡ್ರೈವ್ ಮಾಡ್ತೀನಿ ನಡೀರಿ" ಅಂದ. ಹೆಂಡತಿ ವೇದಾನ್ನೂ ಕರಕೊಂಡು ಬಂದೇ ಬಿಟ್ಟ. ಊಟ ತಣ್ಣಗಾತು, ಟೇಪು ಹನ್ನೊಂದು ಸಲ ತಿರುವಿದ್ರು. ವೇದಾ ಅಂತಾಳ, "ದೇವರನಾಮ ಇರ್ಬೇಕು ಆಂಟಿ." ನಾ ಅಂದೆ, ನಾ ಕಲಿಸಿದ ಹುಡುಗ, ವಚನನ ಬರದಿರ್ತಾನ. ಆದ್ರ ರವಿವಾರ ಅಂತ ಸುರು ಆಗೋ ವಚನ ಯಾವುದು? ಎರಡು ದಿವಸ ಆತು ತಲಿ ಕೆರಕೊಳ್ಳಾಕತ್ತೇನಿ.

ರಾಜ್ಯೋತ್ಸವದ ಕಾರ್ಯಕ್ರಮದಾಗ ನನಗ ಸನ್ಮಾನ ಮಾಡ್ತಾರಂತ. ಇಲ್ಲೇ ಹುಟ್ಟಿದ ಮೊಮ್ಮಗಗ ಕನ್ನಡ ಕಲಿಸಿದ್ದಕ್ಕ. ನಾ ಬ್ಯಾಡ ಬ್ಯಾಡ ಅಂದೆ, ಜೋರ್ಲೆ ಅನಲಿಲ್ಲ. ಲಗೂನ ಬರಿ, ಉಳಿದ ಎರಡು ಮಾತು ಯಾವುವು? ಸ್ಟೇಜಿನ ಮ್ಯಾಲ ಕೇಳಿದ್ರ ಹೇಳಾಕ ಬೇಕು.

ನಿನ್ನ ಆಯಿ
ಶಿವಕ್ಕ


ಅಟ್ಲಾಂಟಾ
21 ಅಕ್ಟೋಬರ್ 1996

ಆಯಿ,

ಅದು ವಚನ ಅಲ್ಲ.

ನಿನಗೆ ಮಾತ್ರ ಹೇಳ್ತೀನಿ. ಅಪ್ಪನಿಗೆ ಬೇಡ, ಅಮ್ಮನಿಗೂ ಬೇಡ. ಮೊದಲು ಪ್ರಾಮಿಸ್ ಮಾಡು. ಆಮೇಲೆ ಮುಂದೆ ಓದು.

ಕೆಲವು ಸಲ ಹೊಡೆತ ಬಿದ್ದಾಗ ತಲೆಯಲ್ಲಿ ಬಿಳಿ ಬೆಳಕು ಬರ್ತದೆ. ಆಮೇಲೆ ಸ್ವಲ್ಪ ಹೊತ್ತು ಎಲ್ಲಾ ದೂರ ಇರ್ತದೆ. ಆಗ ಟೀಮಿನ ಡಾಕ್ಟರ್ ಬೆಂಚಿನ ಮೇಲೆ ಕೂರಿಸಿ ಕೇಳ್ತಾರೆ. ಇವತ್ತು ಯಾವ ವಾರ? ಇದು ಯಾವ ಊರು? ಯಾರ ಜೊತೆ ಆಟ? ಸರಿ ಹೇಳಿದರೆ ಒಳಗೆ ಹೋಗಬಹುದು. ತಪ್ಪಿದರೆ ಹೆಲ್ಮೆಟ್ ತಗೊಂಡು ಬಿಡ್ತಾರೆ. ಒಳ್ಳೆ ಮನುಷ್ಯ. ಅವರ ತಪ್ಪು ಏನೂ ಇಲ್ಲ.

ಹೋದ ವರ್ಷ ಒಂದು ಸಲ ನನಗೆ ಊರು ಬರಲಿಲ್ಲ. ಬಾಯಿ ತೆಗೆದೆ, ಒಳಗೆ ಇರಲಿಲ್ಲ. ಎರಡು ವಾರ ಕೂರಿಸಿದರು. ಆ ಎರಡು ವಾರದಲ್ಲಿ ಐದನೆಯವನು ನಾಲ್ಕನೆಯವನಾದ. ಅದನ್ನ ವಾಪಸ್ ತಗೊಳ್ಳೋಕೆ ನನಗೆ ಒಂದು ವರ್ಷ ಬೇಕಾಯಿತು.

ಅದಕ್ಕೆ ಈ ವರ್ಷ ಆಟಕ್ಕೆ ಮುಂಚೆ ಬರೆದುಕೊಳ್ತೀನಿ. ರವಿವಾರ. ಅಟ್ಲಾಂಟಾ. ಮೂರನೇದು ಎದುರಿನ ಟೀಮಿನ ಹೆಸರು. ಇಂಗ್ಲಿಷಿನಲ್ಲಿ ಬರೆದರೆ ಡಾಕ್ಟರ್ ಓದಿಬಿಡ್ತಾರೆ. ಕನ್ನಡ ಯಾರಿಗೂ ಬರೋದಿಲ್ಲ. ಹುಡುಗರು ಅದು ಪ್ರೇಯರ್ ಅಂತ ತಿಳಿದಿದ್ದಾರೆ. ಒಬ್ಬ ತನ್ನ ಕೈ ಮೇಲೂ ಬರಿ ಅಂದ. ಅವನಿಗೂ ರವಿವಾರ ಅಂತ ಬರೆದೆ. ನಗು ಬರ್ತದಲ್ಲಾ?

ಒಂದು ಮಾತು ನಿಜ ಆಯಿ. ತಲೆ ತಿರುಗುವಾಗ ಲಾಕರ್ ರೂಮಿನ ಬೋರ್ಡು ಓದೋಕೆ ಆಗೋದಿಲ್ಲ. ನೀ ಕಲಿಸಿದ್ದು ಓದೋಕೆ ಆಗ್ತದೆ. ನೀ ಕಲಿಸಿದ್ದಕ್ಕೆ ನನ್ನ ಕೆಲಸ ಉಳಿದಿದೆ.

ನಿನ್ನ
ಕಲ್ಮೇಶ


ಲ್ಯಾನ್‌ಹ್ಯಾಮ್
11 ನವೆಂಬರ್ 1996

ಕಲ್ಮೇಶ,

ನಾಕು ಪತ್ರ ಬರದು ಹರದು ಒಗದೆ. ಇದು ಐದನೇದು.

ಪ್ರಾಮಿಸ್ ಮಾಡಿ ಮುಂದ ಓದು ಅಂದಿ. ನಾ ಮೊದಲ ಕೊನೀತನ ಓದಿ, ಆಮ್ಯಾಲ ಆ ಸಾಲಿಗೆ ತಿರಗಿ ಬಂದೆ. ಈಗ ನಾ ಪ್ರಾಮಿಸ್ ಮಾಡಿದಂಗೋ, ಮಾಡದಂಗೋ? ನನಗ ತಿಳಿವಲ್ದು.

ಮೂವತ್ತಾರು ವರ್ಷ ಪರೀಕ್ಷಾದಾಗ ಕಾಪಿ ಹಿಡದಾಕಿ ನಾ. ಟೊಪಗಿ ಒಳಗ, ಅಂಗಿ ತೋಳಿನ್ಯಾಗ, ಚಪ್ಪಲಿ ಅಡಿಗೆ, ಎಲ್ಲೆಲ್ಲಿ ಚೀಟಿ ಇಡ್ತಾರ ಎಲ್ಲಾ ಬಲ್ಲೆ. ಆ ಹುಡುಗ್ರು ಸಿಕ್ಕಿಬಿದ್ರ ಒಂದು ವರ್ಷ ಹೋಗತಿತ್ತು, ಮುಂದಿನ ವರ್ಷ ಮತ್ತ ಬಂದು ಕುಂದರ್ತಿದ್ರು. ನೀ ನಿನ್ನ ತಲಿಗಿ ಇಟ್ಟ ಪರೀಕ್ಷಾದಾಗ ಕಾಪಿ ಹೊಡದಿ. ಇದಕ್ಕ ಮುಂದಿನ ವರ್ಷ ಎಲ್ಲಿಂದ ತರ್ತಿ? ಅದೂ ನಾ ಕೈ ಹಿಡದು ತಿದ್ದಿಸಿದ ಅಕ್ಷರದಾಗ! ನನ್ನ ಕೈಲೆ ನಾನೇ ಚೀಟಿ ಬರದು ಕೊಟ್ಟಂಗಾತಲ್ಲೋ.

ಶನಿವಾರ ಸನ್ಮಾನ ಆತು. ಒಂದು ಹೈಸ್ಕೂಲಿನ ಹಾಲು, ಮುನ್ನೂರು ಮಂದಿ. ದೊಡ್ಡ ಟೀವಿಯೊಳಗ ನಿನ್ನ ಟೇಪು ಹಾಕಿದ್ರು. ಪಟ್ಟಿ ಕಂಡ ಕೂಡಲೆ ಮಂದಿ ಎದ್ದು ನಿಂತ್ರು. ಶಾಲು ಹೊದಿಸಿದ್ರು, ಹಣ್ಣು ಕೊಟ್ರು. ವೇಣುಗೋಪಾಲ ಮೈಕ್ ನನ್ನ ಬಾಯಿ ಮುಂದ ಹಿಡದು ಕೇಳಿದ, "ಆಂಟಿ, ಏನ್ ಬರ್ದಿದ್ದಾನೆ ಅಂತ ಸಸ್ಪೆನ್ಸ್ ಮುರೀರಿ." ಏನ ಹೇಳ್ಲಿ? "ದೇವರ ಹೆಸರು" ಅಂದೆ. ಎಪ್ಪತ್ತೆಂಟು ವರ್ಷಕ್ಕ ಮೈಕಿನ ಮುಂದ ನಿಂತು ಸುಳ್ಳು ಹೇಳಿದೆ. ಚಪ್ಪಾಳಿ ನಿಂದರಲೇ ಇಲ್ಲ. ಅವರ ಮಗಳು ಹರಿಣಿ, ಏಳು ವರ್ಷದಾಕಿ, ಪೆನ್ನು ತಗೊಂಡು ಬಂದು "ಅಜ್ಜಿ, ನನ್ನ ಕೈಗೂ ಬರಿ, ಲೈಕ್ ಕಲ್ಮೇಶ್ ಅಂಕಲ್" ಅಂತು. ಅದರ ಹೆಸರು ಬರದು ಕೊಟ್ಟೆ. ಕಾರಿನ್ಯಾಗ ನಿಮ್ಮಪ್ಪ "ಅವ್ವಾ, ಯಾಕ ಹಿಂಗ ಬೆವರಾಕತ್ತಿ?" ಅಂದ. ಶಾಲು ದಪ್ಪ ಐತಿ ಅಂದೆ.

ಒಂದು ಕೇಳ್ತೇನಿ, ಖರೇ ಹೇಳು. ಯಾರಿಗೂ ಹೇಳದ್ದನ್ನ ನನಗ ಹೇಳಿದಿ. ನನ್ನ ಮ್ಯಾಲಿನ ಪ್ರೀತಿಗೋ, ಇಲ್ಲಾ ಈ ಕಿವುಡಿ ಏನ ಮಾಡ್ಯಾಳು ಅಂತನೋ? ಇನ್ನೊಂದು. ಆ ಬಿಳಿ ಬೆಳಕು ಈ ವರ್ಷ ಎಷ್ಟು ಸಲ ಬಂತು?

ಆಯಿ


ಶಾರ್ಲಟ್, ನಾರ್ತ್ ಕ್ಯಾರೊಲೈನಾ
25 ನವೆಂಬರ್ 1996

ಪ್ರೀತಿಯ ಆಯಿಗೆ,

ಒಂದು ನ್ಯೂಸ್. ಅಟ್ಲಾಂಟಾ ನನ್ನನ್ನ ಬಿಟ್ಟಿತು. ಈ ಸಲ ಬಾಗಿಲು ಬಡಿದದ್ದು ನನಗೆ. ಆದರೆ ಎರಡೇ ದಿನದಲ್ಲಿ ಇಲ್ಲಿಯ ಟೀಮ್ ಕರೆಯಿತು. ಅವರ ಒಬ್ಬ ರಿಸೀವರ್ ಮೊಣಕಾಲು ಹೋಗಿದೆ. ಹೊಸ ಪ್ಲೇಬುಕ್ ಬಹಳ ದಪ್ಪ. ಅಲ್ಲಿ ಎಡಕ್ಕೆ ಓಡು ಅಂದದ್ದು ಇಲ್ಲಿ ಬಲಕ್ಕೆ.

ನನ್ನ ಅಪಾರ್ಟ್‌ಮೆಂಟ್ ಮೂರನೇ ಮಹಡಿಯಲ್ಲಿ. ಕೆಳಗೆ ರಸ್ತೆಯಲ್ಲಿ ಒಬ್ಬ ಮುದುಕ ಟ್ರಕ್ ನಿಲ್ಲಿಸಿ ಗೆಣಸು ಮಾರ್ತಾನೆ. ಎಲ್ಲರಿಗೂ ಬೈತಾನೆ, ಜಾಸ್ತಿ ಕೊಡ್ತಾನೆ. ನಿನ್ನ ಹಾಗೆ.

ನೀ ಶಾಲು ಹಾಕಿಕೊಂಡು ಬೆವರಿದ್ದು ಓದಿ ನಕ್ಕೆ. ಸಾರಿ. ಎಷ್ಟು ಸಲ ಅಂತ ಕೇಳಿದೆ. ನಾಲ್ಕು. ನಾಲ್ಕು ಅಂತ ಅನ್ನಿಸ್ತದೆ. ಇನ್ನೊಂದಕ್ಕೆ ಉತ್ತರ, ಪ್ರೀತಿಗೇ.

ನಿನ್ನ
ಕಲ್ಮೇಶ


ಶಾರ್ಲಟ್
2 ಡಿಸೆಂಬರ್ 1996

ಪ್ರೀತಿಯ ಆಯಿಗೆ,

ಒಂದು ನ್ಯೂಸ್. ಅಟ್ಲಾಂಟಾ ನನ್ನನ್ನ ಬಿಟ್ಟಿತು. ಬಾಗಿಲು ಬಡಿದರು. ಆದರೆ ಎರಡೇ ದಿನದಲ್ಲಿ ಇಲ್ಲಿಯ ಟೀಮ್ ಕರೆಯಿತು. ಅವರ ಒಬ್ಬ ರಿಸೀವರ್ ಮೊಣಕಾಲು ಹೋಗಿದೆ. ಪ್ಲೇಬುಕ್ ಬಹಳ ದಪ್ಪ.

ಅಪಾರ್ಟ್‌ಮೆಂಟ್ ಮೂರನೇ ಮಹಡಿಯಲ್ಲಿ. ಕೆಳಗೆ ಒಬ್ಬ ಮುದುಕ ಗೆಣಸು ಮಾರ್ತಾನೆ. ನಿನ್ನ ಹಾಗೆ ಬೈತಾನೆ.

ನಿನ್ನ ಸನ್ಮಾನ ಯಾವಾಗ? ಆಯಿತಾ? ನೀ ಏನೂ ಬರೆಯಲಿಲ್ಲ. ಶಾಲು ಕೊಟ್ಟರಾ?

ನಿನ್ನ
ಕಲ್ಮೇಶ


ಲ್ಯಾನ್‌ಹ್ಯಾಮ್
9 ಡಿಸೆಂಬರ್ 1996

ಕಲ್ಮೇಶಾ, ನನ್ನ ಕೂಸ,

ಎರಡೂ ಪತ್ರ ಟೇಬಲ್ ಮ್ಯಾಲ ಬಾಜೂಕ ಬಾಜೂಕ ಇಟ್ಟೇನಿ. ಮೊದಲ ಅಂದ್ಕೊಂಡೆ, ಹುಡುಗ ಚಾಷ್ಟಿ ಮಾಡಾಕತ್ತಾನ. ಆಮ್ಯಾಲ ಅಂದ್ಕೊಂಡೆ, ಹಳೇ ಕಾಗದ ಪೋಸ್ಟಿನ್ಯಾಗ ಹಿಂದ ಮುಂದ ಆಗೇತಿ. ತಾರೀಖು ನೋಡಿದೆ. ಎರಡನೇದು ಎರಡನೇದ ಐತಿ. ಒಮ್ಮೆ ಬರದದ್ದನ್ನ ಮತ್ತ ಬರದಿ. ನಾ ಉದ್ದಕ ಬರದ ಸನ್ಮಾನದ ಸುದ್ದಿ ಓದಿ ನಕ್ಕೆ ಅಂದಾಂವ, ವಾರ ಆಗೂದ್ರಾಗ ಶಾಲು ಕೊಟ್ರಾ ಅಂತ ಕೇಳ್ತಿ.

ನನಗ ಅಂಜಿಕಿ ಬಂದೇತಿ. ಗಂಡ ಸತ್ತಾಗ ಅಂಜಿದ್ದಿಲ್ಲ, ಪರದೇಶಕ್ಕ ಬರುವಾಗ ಅಂಜಿದ್ದಿಲ್ಲ. ನನ್ನ ಕಿವಿ ಹಿಂಗ ಸಾವಕಾಶ ಹೋತು. ಮೊದಲ ಗೊತ್ತಾಗಲಿಲ್ಲ, ಮಂದಿನ ಮೆತ್ತಗ ಮಾತಾಡ್ತಾರ ಅಂತಿದ್ದೆ. ನಿಂದು ಕಿವಿ ಅಲ್ಲೋ ತಮ್ಮಾ.

ಕೇಳು. ಶನಿವಾರದೊಳಗ ನೀನ ಹೊಸ ಟೀಮಿನ ಡಾಕ್ಟರಕಡೆ ಹೋಗು. ಕೈ ತೊಳಕೊಂಡು ಹೋಗು. ಇದ್ದದ್ದು ಇದ್ದಂಗ ಹೇಳು. ಶನಿವಾರ ಮುಂಜಾನೆತನ ಕಾಯ್ತೇನಿ. ಆಮ್ಯಾಲ ನಿಮ್ಮಪ್ಪಗ ನಾ ಹೇಳ್ತೇನಿ. ನೀ ಕೇಳಿದ ಪ್ರಾಮಿಸ್ ಮಾಡೇನೋ ಇಲ್ಲೋ ಗೊತ್ತಿಲ್ಲ, ಇದನ್ನಂತೂ ಮಾಡಾಕತ್ತೇನಿ.

ನಿನ್ನ ಆಯಿ


ಶಾರ್ಲಟ್
12 ಡಿಸೆಂಬರ್ 1996
(ಎಕ್ಸ್‌ಪ್ರೆಸ್ ಮೇಲ್)

ಆಯಿ,

ಬೇಡ. ಪ್ಲೀಸ್.

ಇನ್ನು ಎರಡೇ ಆಟ. ಈ ರವಿವಾರ, ಮುಂದಿನ ರವಿವಾರ. ಅಷ್ಟೇ. ಅದಾದ ಮೇಲೆ ನೀ ಹೇಳಿದ ಡಾಕ್ಟರ್ ಹತ್ತಿರ ಹೋಗ್ತೀನಿ. ನೀನೇ ಕರಕೊಂಡು ಹೋಗು.

ಎರಡು ಪತ್ರ ಬರೆದದ್ದು ನನಗೆ ನೆನಪಿಲ್ಲ. ಸುಸ್ತು ಆಗಿತ್ತು. ಹೊಸ ಊರು, ಹೊಸ ಪುಸ್ತಕ. ಯಾರಿಗಾದರೂ ಆಗ್ತದೆ.

ನಾ ಹತ್ತು ವರ್ಷದಿಂದ ಓಡ್ತಾ ಇದ್ದೀನಿ. ಹೈಸ್ಕೂಲಿನಲ್ಲಿ ಕೋಚ್ ನನ್ನನ್ನ ಮ್ಯಾಥ್ ಟೀಮಿಗೆ ಹೋಗು ಅಂದ. ಕಾಲೇಜಿನಲ್ಲಿ ಎರಡು ವರ್ಷ ಬರೀ ನೀರು ಕುಡಿಯುತ್ತಾ ಬೆಂಚಿನ ಮೇಲೆ ಕೂತೆ. ಯಾರೂ ನನ್ನನ್ನ ಕರೆಯಲಿಲ್ಲ, ನಾನೇ ಹೋಗಿ ಬಾಗಿಲು ತಟ್ಟಿದೆ. ಕೊನೆಯ ಎರಡು ಆಟದಲ್ಲಿ ಕೂತರೆ ಅದು ಎಲ್ಲಾ ಏನೂ ಅಲ್ಲ. ನಾ ಮತ್ತೆ ಟ್ರೈ ಮಾಡಿದ ಹುಡುಗ.

ನೀ ಹೇಳಿದರೆ ನಾ ನಿನಗೆ ಮತ್ತೆ ಬರೆಯೋದಿಲ್ಲ.

ಕಲ್ಮೇಶ


ಲ್ಯಾನ್‌ಹ್ಯಾಮ್
6 ಜನವರಿ 1997

ಕಲ್ಮೇಶಗ,

ನೀ ಬರಿಯೂದಿಲ್ಲ ಅಂದಿ, ಬರೀಲಿಲ್ಲ. ಮಾತಿಗೆ ಗಟ್ಟಿ ಅದಿ. ನಾ ಬರಿಯೂದಿಲ್ಲ ಅಂತ ಅಂದಿದ್ದಿಲ್ಲ, ಅದಕ್ಕ ಬರ್ಯಾಕತ್ತೇನಿ.

ಹ್ಯಾಂಗ ಹೇಳಿದೆ ಅಂತ ನೀ ತಿಳಕೋಬೇಕು. ಆ ಶನಿವಾರ ಮುಂಜಾನೆ ನಿಮ್ಮಪ್ಪ ಉಪ್ಪಿಟ್ಟು ತಿನ್ನಾಕತ್ತಿದ್ದ. ನಿನ್ನ ಪತ್ರ ಎಲ್ಲಾ ಅವನ ತಾಟಿನ ಬಾಜೂಕ ಇಟ್ಟೆ. ಬಾಯಿಲೆ ಹೇಳಾಕ ನನಗ ಧೈರ್ಯ ಆಗಲಿಲ್ಲ. ಅಂವ ಒಂದೊಂದ ಓದಿದ. ಎರಡು ಪತ್ರ ಬಾಜೂಕ ಇಟ್ಟು ಮತ್ತ ಓದಿದ. ಎದ್ದು ತಾಟು ತೊಳದು ಇಟ್ಟ, ಕಾರಿನ ಕೀಲಿ ತಗೊಂಡ. ಏಳು ತಾಸಿನ ಹಾದಿ. ಅಲ್ಲಿ ಏನೇನಾತು ಅಂತ ನನಗ ಪೂರ್ತಿ ಹೇಳಿಲ್ಲ. ಡಾಕ್ಟರು ನಿನ್ನ ನೋಡಿದ್ರು, ಇನ್ನ ಆಡಬ್ಯಾಡ ಅಂದ್ರು, ಆ ವರ್ಷದ್ದಷ್ಟ ಅಲ್ಲ, ಯಾವತ್ತೂ. ಇಷ್ಟ ಹೇಳ್ಯಾನ.

ಈಗ ಮನ್ಯಾಗ ನನ್ನ ಪರಿಸ್ಥಿತಿ ಕೇಳು. ಹೇಳಿದ್ದಕ್ಕ ನೀ ಮಾತು ಬಿಟ್ಟಿ. ತಡಾ ಮಾಡಿ ಹೇಳಿದ್ದಕ್ಕ ನಿಮ್ಮವ್ವ ಮಾತು ಬಿಟ್ಟಾಳ. "ಅಕ್ಟೋಬರದಾಗ ಗೊತ್ತಿತ್ತು ನಿಮಗ ಅತ್ತಿ. ಸುಮ್ಮ ಕುಂತ್ರಿ. ಶಾಲು ಹೊದಿಸಿಕೊಂಡ್ರಿ." ಅಕಿ ಅಂದದ್ದು ಖರೇ. ನಡುವ ಒಂದು ಬೆಳಕು ಬಂದಿದ್ರ, ಎರಡು ಬಂದಿದ್ರ, ಅವು ನನ್ನ ಲೆಕ್ಕಕ್ಕ. ಹೇಳಿದ್ದು ತಪ್ಪೋ, ಹೇಳದ ಇದ್ದದ್ದು ತಪ್ಪೋ? ಎರಡೂ ತಪ್ಪು ಆಗಾಕ ಬರತೈತೇನ? ಹಗಲೆಲ್ಲಾ ಇದ ನನ್ನ ತಲ್ಯಾಗ.

ಸನ್ಮಾನದ ಶಾಲು ವೇಣುಗೋಪಾಲಗ ತಿರಗಿ ಕೊಟ್ಟೆ. ಖರೇ ಸುದ್ದಿ ಹೇಳಿದೆ. ಶಾಲು ಮಡಚಿ ಬಾಜೂಕ ಇಟ್ಟ. ಆಮ್ಯಾಲ "ಆಂಟಿ, ಈಗ ಹೇಗಿದ್ದಾನೆ ಅವ್ನು?" ಅಂತ ಕೇಳಿದ. ಅವನ್ನ ಕೇಳಿ ಹೇಳ್ತೇನಿ ಅಂದೆ, ಅದಕ್ಕ ಕೇಳಾಕತ್ತೇನಿ.

ಆಯಿ


ಲ್ಯಾನ್‌ಹ್ಯಾಮ್
9 ಏಪ್ರಿಲ್ 1997

ಕಲ್ಮೇಶಗ,

ನಿನ್ನೆ ಯುಗಾದಿ ಆತು. ಇದು ನಾ ಬರದ ಏಳನೇ ಪತ್ರ. ಮುಟ್ಟತಾವೋ ಇಲ್ಲೋ ಗೊತ್ತಿಲ್ಲ, ತಿರಗಿ ಅಂತೂ ಬಂದಿಲ್ಲ.

ಡರ್ಹಮ್ ಊರಾಗ ಮನಿ ಮಾಡೀಯಂತ, ಅಲ್ಲೇ ತಲಿ ಡಾಕ್ಟರಿಗೆ ತೋರಿಸ್ತೀಯಂತ, ಒಂದು ಸಾಲಿ ಹುಡುಗ್ರಿಗೆ ಓಡೂದು ಕಲಸ್ತೀಯಂತ. ನಿಮ್ಮಪ್ಪ ತಿಂಗಳಿಗೊಮ್ಮೆ ಬಂದು ಹೋಗ್ತಾನಲ್ಲ, ಅಂವ ಹೇಳಿದ. ಈಗ ಅಂವ ನಿನ್ನ ಹೆಸರ ಎತ್ತಿದ್ರ ನಿಂದರೂದಿಲ್ಲ. ಆಟ ಇದ್ದಾಗ ಮಾತಿಲ್ಲ, ಆಟ ಬಿಟ್ಟಮ್ಯಾಲ ಆಟದ್ದ ಮಾತು. ನಡುವ ಓಡೋದು ಎಷ್ಟು ತ್ರಾಸು, ನನ್ನ ಮಗ ಓಡ್ತಿದ್ದ ಅಂತ ದವಾಖಾನ್ಯಾಗ ಎಲ್ಲಾರಿಗೂ ಹೇಳಾಕತ್ತಾನಂತ. ಈ ಮಾತು ಮೊದಲ ಆಡಿದ್ರ ಬಾಯಿ ಸವೀತಿತ್ತೇನ?

ನನ್ನ ಬಗ್ಗೆ ಏನರ ಕೇಳಿದ್ನೇನ ಅಂತ ಅವಂಗ ಕೇಳ್ತೇನಿ. ಅಂವ ಮಾತು ಹಾರಸ್ತಾನ.

ಹೋಳಿಗಿ ಮಾಡಿದ್ವಿ. ನಿನ್ನ ಪಾಲಿಂದೂ ನಾನ ತಿಂದೆ, ಹೊಟ್ಟಿ ಕೆಟ್ಟೈತಿ.

ಆಯಿ


ಡರ್ಹಮ್, ನಾರ್ತ್ ಕ್ಯಾರೊಲೈನಾ
16 ಜೂನ್ 1997

ಆಯಿ,

ನನಗೆ ನಿನ್ನ ಮೇಲೆ ಸಿಟ್ಟು ಇದೆ. ಅದನ್ನ ಹೇಳೋಕೆ ಬರೆಯುತ್ತಾ ಇದ್ದೀನಿ. ಬೇರೆ ಏನೂ ಇಲ್ಲ.

ಡಿಸೆಂಬರ್ ಹದಿನೈದು, ರವಿವಾರ. ಬೆಳಿಗ್ಗೆ ಒಂಬತ್ತೂಕಾಲು. ಅಪ್ಪ ಪ್ಲೇಯರ್ಸ್ ಗೇಟಿನಲ್ಲಿ ನಿಂತಿದ್ದರು. ಹಿಂದಿನ ರಾತ್ರಿ ನಾ ಟೀಮಿನ ಜೊತೆ ಹೋಟೆಲಿನಲ್ಲಿ ಇದ್ದೆ, ಅವರಿಗೆ ಸಿಕ್ಕಿರಲಿಲ್ಲ. ಬೂದು ಸ್ವೆಟರ್. ಕೈಯಲ್ಲಿ ನನ್ನ ಪತ್ರಗಳು, ರಬ್ಬರ್ ಬ್ಯಾಂಡ್ ಹಾಕಿದ್ದು. ನನ್ನ ಕೈ ಮೇಲೆ ಆಗಲೇ ಬರೆದುಕೊಂಡಿದ್ದೆ. ಅಪ್ಪ ನನ್ನ ಕೈ ಹಿಡಿದು ಓದಿದರು. ಜನರ ಮುಂದೆ ಅತ್ತರು. ಡಾಕ್ಟರ್ ನನಗೆ ಐದು ಮಾತು ಹೇಳಿ, ಐದು ನಿಮಿಷ ಬಿಟ್ಟು ಕೇಳಿದರು. ನನಗೆ ಎರಡು ಬಂತು. ಅವರು ನನ್ನ ಹೆಗಲ ಮೇಲೆ ಕೈ ಇಟ್ಟರು. ನಾ ತೆಗೆದೆ. ಆಟ ಒಂದು ಗಂಟೆಗೆ ಶುರು ಆಯಿತು. ಗೋಡೆ ಆಚೆ ಜನ ಕೂಗೋದು ಕೇಳ್ತಾ ಇತ್ತು. ನಾ ಒಳಗೆ ಸಾಕ್ಸ್ ಹಾಕಿಕೊಂಡು ಕೂತಿದ್ದೆ.

ಎರಡು ಆಟ, ಆಯಿ. ಅವು ನನ್ನವು. ನೀ ತಗೊಂಡೆ.

ನಿನ್ನ ಮೊದಲ ಪತ್ರ ಜನವರಿ ಹತ್ತಕ್ಕೆ ಬಂತು. ಓದಿ ಹರಿದು ಹಾಕಿದೆ. ಫೆಬ್ರವರಿಯಲ್ಲಿ ಮೂರು, ಮಾರ್ಚಿನಲ್ಲಿ ಎರಡು ಬಂತು, ಹರಿದೆ. ಏಪ್ರಿಲಿನದು ಹರಿಯಲಿಲ್ಲ. ಹೋಳಿಗೆಯದು.

ಇಲ್ಲಿಯ ಡಾಕ್ಟರ್ ಒಂದು ನೋಟ್‌ಬುಕ್ ಕೊಟ್ಟಿದ್ದಾರೆ. ದಿನಾ ಏನಾಯಿತು ಬರೆಯಬೇಕು, ಮರುದಿನ ನೋಡದೆ ಹೇಳಬೇಕು. ನಾ ದಿನಾ ಮೊದಲ ಸಾಲು ಒಂದೇ ಬರೀತೀನಿ: ಆಯಿ ಮೇಲೆ ಸಿಟ್ಟು. ಜನವರಿಯಲ್ಲಿ ಕೆಲವು ದಿನ ಬೆಳಿಗ್ಗೆ ಎದ್ದು ನೋಟ್‌ಬುಕ್ ನೋಡಿ, ಓ ಹೌದು, ಸಿಟ್ಟು ಇದೆ ಅಂತ ತಿಳಿಯುತ್ತಾ ಇತ್ತು. ಯಾಕೆ ಅಂತ ತಿಳಿಯೋಕೆ ಹಿಂದಿನ ಪುಟ ತಿರುವಬೇಕಾಗ್ತಿತ್ತು. ಈಗ ನೋಡೋದು ಬೇಡ. ಕಣ್ಣು ಬಿಟ್ಟ ಕೂಡಲೇ ಬರ್ತದೆ. ಎಲ್ಲಾ ಬರ್ತದೆ.

ಅಪ್ಪ ಜುಲೈನಲ್ಲಿ ಮನೆಗೆ ಬಾ ಅಂದರು. ನಾ ಬರೋದಿಲ್ಲ.

ಕಲ್ಮೇಶ


ಲ್ಯಾನ್‌ಹ್ಯಾಮ್
21 ಜೂನ್ 1997

ಕಲ್ಮೇಶಾ,

ನಿನ್ನ ಪತ್ರ ನಿನ್ನೆ ಬಂತು. ಐದು ಸಲ ಓದಿದೆ. ತಪ್ಪು ಹುಡಕಾಕ ಓದಿದೆ. ನಿಮ್ಮಪ್ಪನ್ನ ಕುಂದ್ರಿಸಿ ಒಂದೊಂದ ಕೇಳಿದೆ. ಸ್ವೆಟರು ಬೂದಿ ಬಣ್ಣದ್ದ ಹೌದೋ ಅಲ್ಲೋ? ಹೌದು. ರಬ್ಬರ್ ಬ್ಯಾಂಡು? ಹೌದು. ಒಂಬತ್ತೂಕಾಲು? ಹೌದವ್ವಾ, ಅಂವಗ ನನಗಿಂತ ಚೊಕ್ಕ ನೆನಪೈತಿ ಅಂದ. ಅಂದಾಂವ ಎದ್ದು ಅಂಗಳಕ್ಕ ಹೋದ. ನಾ ಕಳಿಸಿದ ಪತ್ರದ ಲೆಕ್ಕ ನನ್ನ ಕಡೆ ಐತಿ. ಫೆಬ್ರವರಿದಾಗ ಮೂರ ಹೌದು.

ಪ್ರತಿಭಾ ಆರು ತಿಂಗಳದಾಗ ಮೊದಲನೇ ಸಲ ನನ್ನ ಬಾಜೂಕ ಬಂದು ಕುಂತ್ಲು. ಇಬ್ಬರೂ ಕೂಡಿ ಮತ್ತ ಓದಿದ್ವಿ. ಅಕಿ ಅತ್ಲು. ನನಗ ನಗು ಬಂತು, ತಡೀಲಿಲ್ಲ. "ಅಲ್ಲ ಅತ್ತಿ, ನಿಮ್ಮ ಮ್ಯಾಲ ಇಷ್ಟು ಸಿಟ್ಟು ಮಾಡ್ಯಾನ, ನಗತೀರಲ್ಲ" ಅಂದ್ಲು. ನಗಬಾರದೇನ? ಹೋದ ವರ್ಷ ಪ್ರೀತಿಯ ಆಯಿ ಅಂತ ಬರದು, ಬರದದ್ದನ್ನ ಮರ್ತಾಂವ ನೀ. ಈಗ ಒಂದು ದಿವಸ ಬಿಡದಂಗ ನೆನಪಿಟ್ಟು ಬೈಯಾಕತ್ತಿ.

ನಾ ಮಾಡಿದ್ದು ಸರಿಯೋ ತಪ್ಪೋ ನನಗ ಇನ್ನೂ ತಿಳಿದಿಲ್ಲ. ಆ ಎರಡು ಆಟ ನಿನ್ವು, ನಾ ತಗೊಂಡೆ. ಇಲ್ಲ ಅನ್ನೂದಿಲ್ಲ. ತಿರಗಿ ಕೊಡಾಕ ನನ್ನ ಕೈಲಿ ಆಗೂದಿಲ್ಲ, ಕ್ಷಮಾ ಕೇಳಾಕ ಬಾಯಿ ಬರವಲ್ದು, ಯಾಕಂದ್ರ ಮತ್ತ ಅದ ಶನಿವಾರ ಬಂದ್ರ ನಾ ಮತ್ತ ಅದನ್ನ ಮಾಡ್ತೇನಿ. ಈ ಸಲ ಅಕ್ಟೋಬರದಾಗ ಮಾಡ್ತೇನಿ.

ಜುಲೈದಾಗ ಬರಬ್ಯಾಡ ಅಂತಿದ್ರ ಬರಬ್ಯಾಡ. ಸಿಟ್ಟು ಹೋದ ದಿವಸ ಬಾ. ಹೋಗಲಿಲ್ಲಂದ್ರ ಸಿಟ್ಟು ತಗೊಂಡ ಬಾ.

ನಿನ್ನ ಆಯಿ
ಶಿವಕ್ಕ